ಜಾಮೀನು ಸಿಕ್ಕವರು ಜೈಲಿನಲ್ಲೇ ಉಳಿಯುವುದು ನಿಲ್ಲಲಿ: ನಮ್ಮ ಮೂರು ಜಿಲ್ಲೆಗಳ ನ್ಯಾಯಾಧೀಶರಿಗೆ ಒಂದು ಬಹಿರಂಗ ಪತ್ರ

ಮಾನ್ಯರೇ,

ಕಲಬುರಗಿ, ಬೀದರ್, ಯಾದಗಿರಿ ಜಿಲ್ಲೆಗಳ ಪ್ರಧಾನ ಜಿಲ್ಲಾ ಮತ್ತು ಸೆಷನ್ಸ್ ನ್ಯಾಯಾಧೀಶರಿಗೆ ಒಟ್ಟಿಗೇ ಈ ಪತ್ರ ಬರೆಯುತ್ತಿದ್ದೇನೆ. ಊರಿನ ಜನರೂ ಓದಲಿ ಅಂತ ಬಹಿರಂಗವಾಗಿ ಬರೆಯುತ್ತಿದ್ದೇನೆ. ಇಂಥ ಕೇಸಿನಲ್ಲಿ ಹೀಗೆ ತೀರ್ಪು ಕೊಡಿ ಎಂದು ಕೇಳುವ ಪತ್ರ ಇದಲ್ಲ. ಹಾಗೆ ಕೇಳುವುದು ತಪ್ಪು ಅಂತ ನನಗೆ ಗೊತ್ತು. ನಾನು ಬರೆಯುತ್ತಿರುವುದು ಕೋರ್ಟು ಈಗಾಗಲೇ ಜಾಮೀನು ಕೊಟ್ಟವರ ಬಗ್ಗೆ. ಆದೇಶ ಆಗಿದೆ, ಸಹಿ ಬಿದ್ದಿದೆ, ಆದರೂ ಮನುಷ್ಯ ಒಳಗೇ ಇದ್ದಾನೆ. ಅಂಥವರ ಬಗ್ಗೆ.

ನಾನು ಕಾನೂನು ನೆರವಿನ ಸ್ವಯಂಸೇವಕ. ವಕೀಲನಲ್ಲ. ಜೈಲಿನಲ್ಲಿರುವವರ ಮನೆಯವರಿಗೆ ಅರ್ಜಿ ಬರೆದುಕೊಡುವುದು, ಕಾಗದಪತ್ರ ಹೊಂದಿಸಿಕೊಡುವುದು, ಯಾವ ಕಚೇರಿಗೆ ಹೋಗಬೇಕು ಅಂತ ದಾರಿ ತೋರಿಸುವುದು ನನ್ನ ಕೆಲಸ.

ಜೈಲು ಸುಧಾರಣೆ ಎಂದ ಕೂಡಲೇ ಮಾತು ಕಟ್ಟಡದ ಕಡೆ ಹೋಗುತ್ತದೆ. ಹೊಸ ಬ್ಯಾರಕ್ ಬೇಕು, ಸಿಸಿಟಿವಿ ಬೇಕು, ಜಾಮರ್ ಬೇಕು ಅಂತಾರೆ. ಬೇಕು, ಇಲ್ಲ ಅನ್ನುವುದಿಲ್ಲ. ಆದರೆ ಪೊಲೀಸರು ಯಾರನ್ನೇ ಹಿಡಿದು ತಂದರೂ ಮ್ಯಾಜಿಸ್ಟ್ರೇಟರು ರಿಮಾಂಡ್ ಮಾಡದೆ, ಅಂದರೆ ಬಂಧನದಲ್ಲಿಡಲು ಆದೇಶ ಕೊಡದೆ, ಜೈಲಿನವರು ಒಳಗೆ ಸೇರಿಸಿಕೊಳ್ಳುವುದಿಲ್ಲ. ಹೊರಗೆ ಬಿಡಬೇಕಾದರೂ ಕೋರ್ಟಿನಿಂದಲೇ ಕಾಗದ ಬರಬೇಕು. ಒಳಗೆ ಎಷ್ಟು ಜನ ಇರಬೇಕು ಅನ್ನುವುದು ಜಾಸ್ತಿ ತೀರ್ಮಾನವಾಗುವುದು ತಾಲೂಕು ಕೋರ್ಟಿನ ಹಾಲ್‌ನಲ್ಲಿ, ರಿಮಾಂಡ್ ಮತ್ತು ಜಾಮೀನು ಅರ್ಜಿಗೆ ಸಿಗುವ ಕೆಲವೇ ನಿಮಿಷಗಳಲ್ಲಿ.

2022ರ ಕೊನೆಗೆ ದೇಶದ ಜೈಲುಗಳಲ್ಲಿ 5,73,220 ಜನ ಇದ್ದರು ಎನ್ನುತ್ತದೆ ರಾಷ್ಟ್ರೀಯ ಅಪರಾಧ ದಾಖಲೆ ಬ್ಯೂರೋದ ವರದಿ. ಅವರಲ್ಲಿ 4,34,302 ಜನ ವಿಚಾರಣಾಧೀನರು. ಅಂದರೆ ನಾಲ್ವರಲ್ಲಿ ಮೂವರ ಮೇಲೆ ಇನ್ನೂ ಅಪರಾಧ ಸಾಬೀತಾಗಿಲ್ಲ. ನೂರು ಜನರ ಜಾಗದಲ್ಲಿ ಸರಾಸರಿ 131 ಜನ ಮಲಗುತ್ತಿದ್ದರು. ಗೋಡೆ ಎಷ್ಟು ಕಟ್ಟಿದರೂ ಈ ಲೆಕ್ಕ ಇಳಿಯುವುದಿಲ್ಲ.

ಜೈಲಿನ ವಿಷಯದಲ್ಲಿ ನಮ್ಮ ದೇಶದ ಕೋರ್ಟುಗಳು ಮಾಡಿರುವ ಕೆಲಸ ಸಣ್ಣದಲ್ಲ. ತಿಹಾರ್ ಜೈಲಿನಿಂದ ಸುನಿಲ್ ಬಾತ್ರಾ ಎಂಬ ಕೈದಿ ಇನ್ನೊಬ್ಬ ಕೈದಿಗೆ ಕೊಟ್ಟ ಚಿತ್ರಹಿಂಸೆಯ ಬಗ್ಗೆ ಪತ್ರ ಬರೆದರು. ಸುಪ್ರೀಂ ಕೋರ್ಟು ಆ ಪತ್ರವನ್ನೇ ಅರ್ಜಿ ಅಂತ ತೆಗೆದುಕೊಂಡಿತು. 1979ರಲ್ಲಿ ಹುಸೈನಾರಾ ಖಾತೂನ್ ಪ್ರಕರಣ ಬಂತು. ಬಿಹಾರದ ಜೈಲುಗಳಲ್ಲಿ ಕೆಲವರು ತಮ್ಮ ಮೇಲಿನ ಆರೋಪಕ್ಕೆ ಇರುವ ಗರಿಷ್ಠ ಶಿಕ್ಷೆಗಿಂತಲೂ ಜಾಸ್ತಿ ಕಾಲ ವಿಚಾರಣೆ ಇಲ್ಲದೆ ಕೊಳೆಯುತ್ತಿದ್ದರು. ಪತ್ರಿಕೆಯಲ್ಲಿ ಬಂದ ವರದಿ ಹಿಡಿದು ವಕೀಲೆ ಕಪಿಲಾ ಹಿಂಗೋರಾಣಿ ಸುಪ್ರೀಂ ಕೋರ್ಟಿಗೆ ಹೋದರು. ಬೇಗ ವಿಚಾರಣೆ ಆಗುವುದು ಜೀವ ಮತ್ತು ಸ್ವಾತಂತ್ರ್ಯ ಕಾಪಾಡುವ ಸಂವಿಧಾನದ 21ನೇ ವಿಧಿಯೊಳಗಿನ ಹಕ್ಕು ಎಂದು ನ್ಯಾಯಮೂರ್ತಿ ಪಿ.ಎನ್. ಭಗವತಿ ಅವರ ಪೀಠ ಹೇಳಿತು. ಸಾವಿರಾರು ಜನ ಹೊರಗೆ ಬಂದರು.

ನಮ್ಮ ರಾಜ್ಯದ್ದೇ ಒಂದು ಪ್ರಕರಣ ಇದೆ. ನಮ್ಮಲ್ಲಿ ಅದರ ಮಾತು ಆಡುವವರು ಕಡಿಮೆ. ಬೆಂಗಳೂರು ಕೇಂದ್ರ ಕಾರಾಗೃಹದ ಕೈದಿಯೊಬ್ಬರು ಭಾರತದ ಮುಖ್ಯ ನ್ಯಾಯಮೂರ್ತಿಗಳಿಗೆ ಪತ್ರ ಬರೆದರು. ಅದು ರಾಮಮೂರ್ತಿ ವಿರುದ್ಧ ಕರ್ನಾಟಕ ಸರ್ಕಾರ ಎಂಬ ಪ್ರಕರಣವಾಗಿ, 1996ರ ಡಿಸೆಂಬರಿನಲ್ಲಿ ತೀರ್ಪು ಬಂತು. ಬೆಂಗಳೂರಿನ ಜಿಲ್ಲಾ ನ್ಯಾಯಾಧೀಶರನ್ನು ಜೈಲಿಗೆ ಕಳಿಸಿ ವರದಿ ತರಿಸಿಕೊಂಡ ಸುಪ್ರೀಂ ಕೋರ್ಟು, ಜೈಲುಗಳ ಒಂಬತ್ತು ದೊಡ್ಡ ಸಮಸ್ಯೆಗಳನ್ನು ಗುರುತಿಸಿತು. ಮೊದಲನೆಯದು ಕಿಕ್ಕಿರಿದ ಜನ. ಎರಡನೆಯದು ವಿಚಾರಣೆಯ ವಿಳಂಬ. ಹಿಂಸೆ, ಕಾಯಿಲೆ, ಕೊಳಕು, ಊಟ, ಬಟ್ಟೆ ಎಲ್ಲ ಆಮೇಲೆ. ಈ ಕ್ರಮದಲ್ಲಿ ಅರ್ಥ ಇದೆ ಅಂತ ನನ್ನ ಭಾವನೆ. ಜನ ಜಾಸ್ತಿಯಾದರೆ ಊಟವೂ ಸಾಲದು, ಡಾಕ್ಟರೂ ಸಾಲರು, ಕಕ್ಕಸೂ ಸಾಲದು. ಮೊದಲ ಎರಡನ್ನು ಸರಿಮಾಡುವ ಶಕ್ತಿ ಜೈಲು ಇಲಾಖೆಯ ಕೈಯಲ್ಲಿಲ್ಲ. ಅದು ತಮ್ಮ ಕೈಯಲ್ಲಿದೆ.

ಇಷ್ಟೆಲ್ಲ ದೆಹಲಿಯಲ್ಲಿ ಆಗಿದೆ. ನಮ್ಮ ತಾಲೂಕು ಕೋರ್ಟುಗಳಿಗೆ ಅದು ಎಷ್ಟು ಬಂದಿದೆ? ಒಂದು ಉದಾಹರಣೆ ಹೇಳುತ್ತೇನೆ. ಹೆಸರು, ಊರು, ಕೋರ್ಟು ಹೇಳುವುದಿಲ್ಲ. ನಮ್ಮ ಮೂರು ಜಿಲ್ಲೆಗಳ ಒಂದು ತಾಲೂಕು ಅಂತ ಇಟ್ಟುಕೊಳ್ಳಿ.

ಕೂಲಿ ಮಾಡುವ ಮನುಷ್ಯ. ವರ್ಷದಲ್ಲಿ ಅರ್ಧ ಪುಣೆಯಲ್ಲಿ ಕಟ್ಟಡದ ಕೆಲಸ, ಇನ್ನರ್ಧ ಊರಲ್ಲಿ. ಪಂಪ್‌ಸೆಟ್ಟಿನ ಕೇಬಲ್ ಕದ್ದ ಆರೋಪದ ಮೇಲೆ ಪಕ್ಕದ ಜಿಲ್ಲೆಯಲ್ಲಿ ಹಿಡಿದರು. ಕೆಲವು ದಿನದಲ್ಲಿ ಜಾಮೀನು ಸಿಕ್ಕಿತು. ಐವತ್ತು ಸಾವಿರ ರೂಪಾಯಿ ಬಾಂಡ್ (ಮುಚ್ಚಳಿಕೆ), ಅಷ್ಟೇ ಮೊತ್ತಕ್ಕೆ ಇಬ್ಬರು ಶ್ಯೂರಿಟಿ, ಅಂದರೆ ಅವನು ಕೋರ್ಟಿಗೆ ಬರುತ್ತಾನೆ ಅಂತ ಹೊಣೆ ಹೊರುವವರು. ಅವನ ಹೆಂಡತಿ ಒಂದು ಪ್ಲಾಸ್ಟಿಕ್ ಚೀಲದಲ್ಲಿ ಮನೆಯ ಕಾಗದಗಳನ್ನೆಲ್ಲ ತುಂಬಿಕೊಂಡು ಬಂದಳು. ಆಧಾರ್, ರೇಷನ್ ಕಾರ್ಡ್, ಕರೆಂಟ್ ಬಿಲ್ಲು, ಪಹಣಿ. ಪಹಣಿ ಅವಳ ಮಾವನ ಹೆಸರಲ್ಲಿತ್ತು. ಮಾವ ತೀರಿಕೊಂಡು ಎಷ್ಟೋ ವರ್ಷ ಆಗಿದೆ, ಪೌತಿ ಖಾತೆ ಮಾಡಿಸಿಲ್ಲ. ಮೂವರು ಅಣ್ಣತಮ್ಮಂದಿರು, ಪಾಲು ಆಗಿಲ್ಲ. ನಮ್ಮ ಕಡೆ ಅರ್ಧ ಊರಿನ ಹೊಲದ ಕತೆ ಇದೇ. ತೀರಿಹೋದವರ ಪಹಣಿ ಶ್ಯೂರಿಟಿಗೆ ನಡೆಯುವುದಿಲ್ಲ. ಅವಳ ತಮ್ಮನ ಹೆಸರಲ್ಲಿ ಎರಡು ಎಕರೆ ಇತ್ತು. ಅವನು ಬಂದು ನಿಂತ. 'ಬೇರೆ ಜಿಲ್ಲೆ ಪಹಣಿ ಆಗಲ್ಲ, ಲೋಕಲ್ ಶ್ಯೂರಿಟಿ ತಗೊಂಡು ಬರ್ರಿ' ಅಂದರು. ಬರವಣಿಗೆಯಲ್ಲಿ ಯಾರೂ ಏನೂ ಕೊಡಲಿಲ್ಲ. ಬಾಯಿಮಾತಿನಲ್ಲೇ ಮುಗಿಯಿತು.

ಗೇಟಿನ ಹೊರಗೆ ಒಬ್ಬ ಬಂದು, ದುಡ್ಡು ಕೊಟ್ಟರೆ ತಾನೇ ಶ್ಯೂರಿಟಿ ನಿಲ್ಲುತ್ತೇನೆ ಅಂದ. ಅವನ ಬಳಿ ಪಹಣಿ, ಫೋಟೊ ಎಲ್ಲ ರೆಡಿ ಇತ್ತು. ಅವನಿಗೆ ಕೊಡುವಷ್ಟು ದುಡ್ಡು ಇವಳ ಹತ್ತಿರ ಇರಲಿಲ್ಲ. ಆಗ ಅವಳು ನನ್ನನ್ನು ಕೇಳಿದ ಮಾತಿಗೆ ನಾನು ಉತ್ತರ ಕೊಡಲಾಗಲಿಲ್ಲ: 'ಬೇಲ್ ಆಗ್ಯಾದ ಅಂತಾರ, ಮತ್ಯಾಕ ಬಿಡವಲ್ರರೀ?' ತೊಗರಿ ರಾಶಿಯ ಕಾಲ ಅದು. ಅವಳಿಗೆ ಕೂಲಿ ಸಿಗುವ ದಿನಗಳೆಲ್ಲ ಕೋರ್ಟಿನ ಅಂಗಳದಲ್ಲಿ ಹೋದವು. ಅವನು ವಾರಗಟ್ಟಲೆ ಒಳಗಿದ್ದ.

ಅವಳ ಪ್ರಶ್ನೆಗೆ ಸುಪ್ರೀಂ ಕೋರ್ಟು 1978ರಲ್ಲೇ ಉತ್ತರ ಕೊಟ್ಟಿದೆ. ಮೋತಿ ರಾಮ್ ಪ್ರಕರಣ. ಅವನೂ ಒಬ್ಬ ಬಡ ಗಾರೆ ಕೆಲಸದವನು, ಮಧ್ಯಪ್ರದೇಶದವನು. ಜಾಮೀನು ಸಿಕ್ಕಿತು. ಮ್ಯಾಜಿಸ್ಟ್ರೇಟರು ಹತ್ತು ಸಾವಿರ ರೂಪಾಯಿ ಶ್ಯೂರಿಟಿ ಕೇಳಿದರು. ಅಣ್ಣನೋ ತಮ್ಮನೋ ಶ್ಯೂರಿಟಿ ನಿಲ್ಲಲು ಬಂದರೆ, ಅವರ ಆಸ್ತಿ ಬೇರೆ ಜಿಲ್ಲೆಯಲ್ಲಿದೆ ಅಂತ ಒಪ್ಪಲಿಲ್ಲ. ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಇದನ್ನು ಕಟುವಾಗಿ ಟೀಕಿಸಿದರು. ಒಂದೇ ದೇಶದ ಪ್ರಜೆಯನ್ನು ಬೇರೆ ಜಿಲ್ಲೆಯವನು ಅಂತ ತಳ್ಳಿಹಾಕುವುದು ಸರಿಯಲ್ಲ, ಬಡವನಿಗೆ ಅವನ ಶಕ್ತಿ ಮೀರಿದ ಮೊತ್ತ ಹಾಕುವುದೂ ಸರಿಯಲ್ಲ, ಸ್ವಂತ ಬಾಂಡ್ ಮೇಲೂ ಬಿಡಬಹುದು ಎಂದು ಬರೆದರು. ನಾನು ಕಂಡ ಕೇಸು, ಮೋತಿ ರಾಮ್ ಕೇಸು, ಎರಡರಲ್ಲೂ ಕಟ್ಟಡ ಕೆಲಸದವನು, ಎರಡರಲ್ಲೂ ಬೇರೆ ಜಿಲ್ಲೆಯ ಸಂಬಂಧಿಕ. ನಡುವೆ ನಾಲ್ಕು ದಶಕಕ್ಕೂ ಜಾಸ್ತಿ ಕಾಲ ಕಳೆದಿದೆ. ಇದು ನನಗೆ ಬಹಳ ನೋವು ಕೊಡುತ್ತದೆ.

ನಮ್ಮ ಭಾಗದ ಜನ ಪುಣೆ, ಮುಂಬೈ, ಹೈದರಾಬಾದ್, ಬೆಂಗಳೂರು ಅಂತ ದುಡಿಯಲು ಹೋಗುವವರು. ಮನೆ ಒಂದು ಕಡೆ, ಕೆಲಸ ಒಂದು ಕಡೆ, ಕೇಸು ಇನ್ನೊಂದು ಕಡೆ. ಮೂರು ರಾಜ್ಯ ಕೂಡುವ ಗಡಿ ನಮ್ಮದು. ಬೀದರಿನವನ ಬೀಗರು ಉದಗೀರಿನಲ್ಲಿ, ಯಾದಗಿರಿಯವನ ಅಕ್ಕ ನಾರಾಯಣಪೇಟೆಯಲ್ಲಿ. ಇಂಥ ಜಾಗದಲ್ಲಿ ಲೋಕಲ್ ಶ್ಯೂರಿಟಿಯೇ ಬೇಕು ಅಂದರೆ ಬಡವನ ಬಂಧುಬಳಗವನ್ನೆಲ್ಲ ಲೆಕ್ಕದಿಂದ ಹೊರಗಿಟ್ಟ ಹಾಗೆ, ಅಲ್ವಾ?

ಸುಪ್ರೀಂ ಕೋರ್ಟು 2023ರ ಜನವರಿ 31ರಂದು ಇದೇ ವಿಷಯದಲ್ಲಿ ಇನ್ನೂ ಬಿಡಿಸಿ ಹೇಳಿತು. ಜಾಮೀನು ಕೊಟ್ಟ ಕೋರ್ಟು ಆದೇಶದ ಪ್ರತಿಯನ್ನು ಅದೇ ದಿನ ಇಲ್ಲವೇ ಮರುದಿನ ಇಮೇಲ್‌ನಲ್ಲಿ ಜೈಲು ಸೂಪರಿಂಟೆಂಡೆಂಟರ ಮೂಲಕ ಕೈದಿಗೆ ಕಳಿಸಬೇಕು. ಏಳು ದಿನದಲ್ಲಿ ಬಿಡುಗಡೆ ಆಗದಿದ್ದರೆ ಸೂಪರಿಂಟೆಂಡೆಂಟರು ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಕಾರ್ಯದರ್ಶಿಗೆ ತಿಳಿಸಬೇಕು. ಅವರು ವಕೀಲರನ್ನೋ ಸ್ವಯಂಸೇವಕರನ್ನೋ ಕಳಿಸಿ ಏನು ತೊಡಕು ಅಂತ ನೋಡಬೇಕು. ಒಂದು ತಿಂಗಳಾದರೂ ಬಾಂಡ್ ಕೊಡಲಾಗದಿದ್ದರೆ ಕೋರ್ಟು ತಾನಾಗಿಯೇ ಷರತ್ತು ಸಡಿಲಿಸುವ ಬಗ್ಗೆ ಯೋಚಿಸಬಹುದು. ಲೋಕಲ್ ಶ್ಯೂರಿಟಿ ಕೇಳುವುದೇ ಬಿಡುಗಡೆ ತಡವಾಗಲು ಒಂದು ಕಾರಣ, ಹಾಗಾಗಿ ಆ ಷರತ್ತು ಹಾಕದಿರುವುದು ಒಳ್ಳೆಯದು ಎಂದೂ ಅದರಲ್ಲಿದೆ.

ಮಾನ್ಯರೇ, ಇದರಲ್ಲಿ ಹೊಸ ಕಾನೂನು ಮಾಡಬೇಕಾದ್ದು ಏನೂ ಇಲ್ಲ. ಬಜೆಟ್ಟೂ ಬೇಕಿಲ್ಲ. ಜಾಮೀನು ಸಿಕ್ಕೂ ಒಳಗಿರುವವರ ಪಟ್ಟಿಯನ್ನು ವಾರಕ್ಕೊಮ್ಮೆ ಜೈಲಿನಿಂದ ತರಿಸಿ, ಆಯಾ ಮ್ಯಾಜಿಸ್ಟ್ರೇಟರ ಮುಂದೆ ಇಡಿಸಿದರೆ ಸಾಕು. ಒಂದೊಂದು ಹೆಸರಿನ ಮುಂದೆ ಯಾಕೆ ಬಿಟ್ಟಿಲ್ಲ ಅಂತ ಒಂದು ಸಾಲು ಬರೆಯಬೇಕಾಗಿ ಬಂದರೆ ಎಷ್ಟೋ ತೊಡಕು ಅಲ್ಲೇ ಬಿಚ್ಚಿಕೊಳ್ಳುತ್ತದೆ.

2024ರ ಜುಲೈ 1ರಿಂದ ಹಳೆಯ ಸಿಆರ್‌ಪಿಸಿ (ದಂಡ ಪ್ರಕ್ರಿಯಾ ಸಂಹಿತೆ) ಬದಲಿಗೆ ಬಂದಿರುವ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ ಜನರಿಗೆ ಗೊತ್ತಾಗಬೇಕಾದ ಒಂದು ವಿಷಯ ಇದೆ. ಅದರ 479ನೇ ಕಲಂ ಪ್ರಕಾರ, ಮೊದಲ ಬಾರಿ ಆರೋಪಿಯಾದವನು, ಅಂದರೆ ಹಿಂದೆ ಯಾವ ಅಪರಾಧದಲ್ಲೂ ಶಿಕ್ಷೆ ಆಗದವನು, ಆ ಅಪರಾಧದ ಗರಿಷ್ಠ ಶಿಕ್ಷೆಯ ಮೂರನೇ ಒಂದು ಭಾಗದಷ್ಟು ಕಾಲ ಒಳಗೆ ಕಳೆದಿದ್ದರೆ ಬಿಡಬೇಕು. ಉಳಿದವರಿಗೆ ಅರ್ಧ. ಸಾದಾ ಕಳ್ಳತನಕ್ಕೆ ಮೂರು ವರ್ಷದ ಶಿಕ್ಷೆ ಅಂದರೆ ಒಂದು ವರ್ಷ. ಮರಣದಂಡನೆ, ಜೀವಾವಧಿ ಶಿಕ್ಷೆ ಇರುವ ಅಪರಾಧಗಳಿಗೆ ಇದು ಅನ್ವಯಿಸುವುದಿಲ್ಲ. ಮೊದಲ ಸಲದವರನ್ನು ಬಾಂಡ್ ಮೇಲೆ ಬಿಡಬೇಕು ಅಂತ ಕಲಂ ಹೇಳುತ್ತದೆ. ಅದೇ ಸಂಹಿತೆಯ ಎರಡನೇ ಕಲಮಿನಲ್ಲಿ ಬಾಂಡ್ ಅಂದರೆ ಶ್ಯೂರಿಟಿ ಇಲ್ಲದ ಸ್ವಂತ ಮುಚ್ಚಳಿಕೆ ಎಂದು ಬರೆದಿದ್ದಾರೆ. ಅಂದರೆ ಇವರಿಗೆ ಪಹಣಿ ಹುಡುಕುವ ಪಾಡೇ ಇಲ್ಲ. ಅರ್ಜಿ ಹಾಕುವ ಜವಾಬ್ದಾರಿಯನ್ನೂ ಕಾನೂನು ಜೈಲು ಸೂಪರಿಂಟೆಂಡೆಂಟರ ಮೇಲೆಯೇ ಹಾಕಿದೆ. ಸಂಹಿತೆ ಬರುವ ಮೊದಲು ದಾಖಲಾದ ಕೇಸುಗಳಿಗೂ ಇದು ಅನ್ವಯಿಸುತ್ತದೆ ಎಂದು 2024ರ ಆಗಸ್ಟಿನಲ್ಲಿ ಸುಪ್ರೀಂ ಕೋರ್ಟು ಹೇಳಿತು.

ಈ ಕಲಮಿನಲ್ಲಿ ಒಂದು ಕೊರತೆ ಇದೆ, ಅದನ್ನೂ ಹೇಳಬೇಕು. ಒಬ್ಬನ ಮೇಲೆ ಒಂದಕ್ಕಿಂತ ಜಾಸ್ತಿ ಕೇಸು ಬಾಕಿ ಇದ್ದರೆ ಈ ಅನುಕೂಲ ಸಿಗುವುದಿಲ್ಲ. ಇದರ ಪೆಟ್ಟು ಯಾರಿಗೆ ಬೀಳುತ್ತದೆ? ಕಳ್ಳತನ ಎಲ್ಲೇ ಆಗಲಿ, ಮೊದಲು ಯಾರ ಗುಡಿಸಲಿಗೆ ಜೀಪು ಹೋಗುತ್ತದೋ ಅವರಿಗೆ. ಪಾರ್ಧಿ, ಹರಣಶಿಕಾರಿ ಸಮುದಾಯದ ಜನ ನಮ್ಮ ಜಿಲ್ಲೆಗಳಲ್ಲಿದ್ದಾರೆ. ಬ್ರಿಟಿಷರು 1871ರಲ್ಲಿ ಮಾಡಿದ ಕಾನೂನು ಎಷ್ಟೋ ಸಮುದಾಯಗಳನ್ನು ಹುಟ್ಟು ಅಪರಾಧಿಗಳು ಎಂದು ಪಟ್ಟಿ ಮಾಡಿತ್ತು. 1952ರಲ್ಲಿ ಅದು ರದ್ದಾಯಿತು. ಸಂಶಯ ಮಾತ್ರ ರದ್ದಾಗಲಿಲ್ಲ.

2024ರ ಅಕ್ಟೋಬರ್ 3ರಂದು ಸುಕನ್ಯಾ ಶಾಂತಾ ಪ್ರಕರಣದಲ್ಲಿ ಬಂದ ತೀರ್ಪನ್ನು ಇಲ್ಲಿ ನೆನೆಯಬೇಕು. ಹಲವು ರಾಜ್ಯಗಳ ಜೈಲು ಕೈಪಿಡಿಗಳಲ್ಲಿ ಜಾತಿ ನೋಡಿ ಕೆಲಸ ಹಂಚುವ ನಿಯಮಗಳಿದ್ದವು. ಅಡುಗೆಗೆ ಒಂದು ಜಾತಿ, ಕಕ್ಕಸು ತೊಳೆಯಲು ಇನ್ನೊಂದು ಜಾತಿ. ಮುಖ್ಯ ನ್ಯಾಯಮೂರ್ತಿ ಡಿ.ವೈ. ಚಂದ್ರಚೂಡ್ ಅವರಿದ್ದ ಪೀಠ ಅವನ್ನೆಲ್ಲ ಅಸಾಂವಿಧಾನಿಕ ಎಂದು ತೆಗೆದುಹಾಕಿತು. ಕೈದಿಗಳ ರಿಜಿಸ್ಟರಿನಲ್ಲಿರುವ ಜಾತಿಯ ಕಾಲಂ ಅಳಿಸಲು ಹೇಳಿತು. ವಿಮುಕ್ತ ಬುಡಕಟ್ಟುಗಳ, ಅಂದರೆ ಬ್ರಿಟಿಷರ ಆ ಪಟ್ಟಿಯಿಂದ ಬಿಡುಗಡೆಯಾದ ಸಮುದಾಯಗಳ, ಜನರನ್ನು ಮನಸ್ಸಿಗೆ ಬಂದಂತೆ ಬಂಧಿಸಬಾರದು, 2014ರ ಅರ್ನೇಶ್ ಕುಮಾರ್ ತೀರ್ಪಿನ ಸೂಚನೆಗಳನ್ನು ಪಾಲಿಸಬೇಕು ಎಂದು ಪೊಲೀಸರಿಗೂ ಹೇಳಿತು. ಏಳು ವರ್ಷದವರೆಗಿನ ಶಿಕ್ಷೆಯ ಅಪರಾಧಗಳಲ್ಲಿ ಬಂಧನ ಯಾಕೆ ಬೇಕು ಅಂತ ಪೊಲೀಸರು ಕಾರಣ ಬರೆಯಬೇಕು, ಮ್ಯಾಜಿಸ್ಟ್ರೇಟರು ಆ ಕಾರಣ ನೋಡದೆ ಸುಮ್ನೆ ರಿಮಾಂಡ್ ಮಾಡಬಾರದು ಅನ್ನುವುದು ಅರ್ನೇಶ್ ಕುಮಾರ್ ತೀರ್ಪಿನ ಸಾರ. ಶರಣರು ನಡೆದ ನೆಲ ಇದು ಅಂತ ನಾವು ಹೆಮ್ಮೆಯಿಂದ ಹೇಳುತ್ತೇವೆ. ಸುಕನ್ಯಾ ಶಾಂತಾ ತೀರ್ಪು ದೇಶದಲ್ಲೇ ಮೊದಲು ಪೂರ್ತಿ ಜಾರಿಯಾಗಬೇಕಾದ್ದು ನಮ್ಮ ಕಲಬುರಗಿ ವಿಭಾಗದಲ್ಲಿ.

ಜಾಮೀನು ಸುಲಭ ಮಾಡಿದರೆ ಆರೋಪಿಗಳು ಓಡಿಹೋಗುತ್ತಾರೆ ಎಂಬ ಮಾತನ್ನು ನಾನು ತಳ್ಳಿಹಾಕುವುದಿಲ್ಲ. ಕೇಬಲ್ ಕಳೆದುಕೊಂಡ ರೈತನೂ ಬಡವನೇ. ನೀರು ಹಾಯಿಸಲಾಗದೆ ಅವನ ಬೆಳೆ ಒಣಗಿರುತ್ತದೆ. ಅವನಿಗೂ ನ್ಯಾಯ ಬೇಕು, ಬೇಗ ಬೇಕು. ಆದರೆ ಅವನಿಗೆ ಬೇಕಾದದ್ದು ವಿಚಾರಣೆ ಮುಗಿಯುವುದು. ಶ್ಯೂರಿಟಿ ಇಲ್ಲದೆ ಒಬ್ಬ ಒಳಗೆ ಕೂತಿದ್ದರೆ ಅವನ ಕೇಬಲ್ ವಾಪಸು ಬರುವುದಿಲ್ಲ. ಓಡಿಹೋಗುತ್ತಾನೋ ಇಲ್ಲವೋ ಅಂತ ತಿಳಿಯಲು ಹುಸೈನಾರಾ ತೀರ್ಪಿನಲ್ಲೇ ದಾರಿ ಇದೆ. ಎಷ್ಟು ವರ್ಷದಿಂದ ಆ ಊರಲ್ಲಿದ್ದಾನೆ, ಕೆಲಸ ಏನು, ಮನೆಯಲ್ಲಿ ಯಾರಿದ್ದಾರೆ, ಹಿಂದೆ ಕೋರ್ಟು ಕರೆದಾಗ ಬಂದಿದ್ದಾನಾ, ಊರಲ್ಲಿ ಅವನ ಬಗ್ಗೆ ಏನು ಹೇಳುತ್ತಾರೆ. ಇವನ್ನು ನೋಡಿ ನಿರ್ಧರಿಸಿ ಅಂದಿತ್ತು ಆ ತೀರ್ಪು. ಗೇಟಿನ ಹೊರಗೆ ದುಡ್ಡಿಗೆ ನಿಲ್ಲುವ ಶ್ಯೂರಿಟಿದಾರನಿಗೆ ಆರೋಪಿಯ ಮುಖವೇ ಗೊತ್ತಿರುವುದಿಲ್ಲ. ಅವನು ಹೇಗೆ ಆರೋಪಿಯನ್ನು ಹಿಡಿದು ತರುತ್ತಾನೆ? ಎರಡು ಎಕರೆ ಇರುವ ಭಾಮೈದ ತರುತ್ತಾನೆ, ಬೇರೆ ಜಿಲ್ಲೆಯವನಾದರೂ.

ಜೈಲು ರಾಜ್ಯಪಟ್ಟಿಯಲ್ಲಿರುವ ವಿಷಯ, ನೀತಿ ಮಾಡುವುದು ಸರ್ಕಾರದ ಕೆಲಸ, ಕೋರ್ಟು ಅದರಲ್ಲಿ ಕೈಹಾಕಬಾರದು ಎನ್ನುವವರೂ ಇದ್ದಾರೆ. ಸಿಬ್ಬಂದಿ ನೇಮಕ, ಜೈಲಿನ ಆಸ್ಪತ್ರೆ, ಕಟ್ಟಡ ಎಲ್ಲ ಸರ್ಕಾರದ್ದೇ, ಒಪ್ಪುತ್ತೇನೆ. ಆದರೆ ರಿಮಾಂಡ್ ಆದೇಶ, ಬಾಂಡಿನ ಮೊತ್ತ, ಶ್ಯೂರಿಟಿ ಒಪ್ಪುವುದು ಬಿಡುವುದು, ವಾಯಿದೆ ಹಾಕುವುದು ಪೂರ್ತಿ ಕೋರ್ಟಿನದೇ ಕೆಲಸ. ಇಲ್ಲಿ ಕೋರ್ಟು ಬೇರೆ ಯಾರ ಕಡೆಗೂ ಕೈ ತೋರಿಸುವಂತಿಲ್ಲ.

ಸರ್ಕಾರದ ದುಡ್ಡೂ ಸ್ವಲ್ಪ ಇದೆ. ಬಡ ಕೈದಿಗಳಿಗೆ ನೆರವು ಕೊಡುವ ಯೋಜನೆಯನ್ನು ಕೇಂದ್ರ 2023ರಲ್ಲಿ ತಂದಿತು. ಆಗಿನ ಮಾರ್ಗಸೂಚಿಯಲ್ಲಿ ಜಾಮೀನಿಗೆ ದುಡ್ಡು ಕಟ್ಟಲಾಗದ ವಿಚಾರಣಾಧೀನನಿಗೆ 40,000 ರೂಪಾಯಿವರೆಗೆ, ದಂಡ ಕಟ್ಟಲಾಗದೆ ಉಳಿದ ಶಿಕ್ಷಾಬಂಧಿಗೆ 25,000 ರೂಪಾಯಿವರೆಗೆ ಅಂತ ಇತ್ತು. ಮಂಜೂರು ಮಾಡುವ ಜಿಲ್ಲಾ ಸಮಿತಿಯಲ್ಲಿ ಜಿಲ್ಲಾಧಿಕಾರಿ, ಎಸ್‌ಪಿ, ಕಾನೂನು ಸೇವಾ ಪ್ರಾಧಿಕಾರದ ಕಾರ್ಯದರ್ಶಿ, ಜೈಲು ಸೂಪರಿಂಟೆಂಡೆಂಟ್, ಜೊತೆಗೆ ಒಬ್ಬ ನ್ಯಾಯಾಧೀಶರು ಇರಬೇಕು. ಹಳ್ಳಿಯಲ್ಲಿ ಈ ಯೋಜನೆಯ ಹೆಸರು ಕೇಳಿದವರನ್ನು ನಾನು ಕಂಡಿಲ್ಲ. ವಕೀಲರಲ್ಲೂ ಕೆಲವರು 'ಹಂಗೂ ಅದೇನ್ರೀ?' ಅಂತ ಕೇಳಿದ್ದಾರೆ.

ತಾವೇ ಅಧ್ಯಕ್ಷರಾಗಿರುವ ವಿಚಾರಣಾಧೀನ ಕೈದಿಗಳ ಪರಿಶೀಲನಾ ಸಮಿತಿಯ ಬಗ್ಗೆ ಮುಖ್ಯವಾಗಿ ಕೇಳಬೇಕಿತ್ತು. ನಿವೃತ್ತ ಮುಖ್ಯ ನ್ಯಾಯಮೂರ್ತಿ ಆರ್.ಸಿ. ಲಹೋಟಿ 2013ರಲ್ಲಿ ದೇಶದ 1,382 ಜೈಲುಗಳ ಸ್ಥಿತಿಯ ಬಗ್ಗೆ ಸುಪ್ರೀಂ ಕೋರ್ಟಿಗೆ ಬರೆದ ಪತ್ರದಿಂದ ಶುರುವಾದ ಪ್ರಕರಣದಲ್ಲಿ ಈ ಸಮಿತಿಗಳು ಜಿಲ್ಲೆಗೊಂದರಂತೆ ಆಗಬೇಕು ಅಂತ ಆದೇಶವಾಯಿತು. ಮೂರು ತಿಂಗಳಿಗೊಮ್ಮೆ ಸೇರಬೇಕು, ಯಾರನ್ನು ಬಿಡಬಹುದು ಅಂತ ಪಟ್ಟಿ ನೋಡಬೇಕು. ಆ ಸಭೆಯ ಅಂಕಿಅಂಶ ಜನರ ಕಣ್ಣಿಗೆ ಬೀಳಲಿ ಅನ್ನುವುದು ನನ್ನ ಬೇಡಿಕೆ. ಹೆಸರು ಬೇಡ. ಎಷ್ಟು ಜನರ ಕೇಸು ನೋಡಿದರು, ಎಷ್ಟು ಜನರನ್ನು ಬಿಡಲು ಶಿಫಾರಸು ಮಾಡಿದರು, ಎಷ್ಟು ಜನ ನಿಜವಾಗಿ ಹೊರಗೆ ಬಂದರು. ಈ ಮೂರು ಸಂಖ್ಯೆ ಕೋರ್ಟಿನ ನೋಟಿಸ್ ಬೋರ್ಡಿನ ಮೇಲೆ ಕನ್ನಡದಲ್ಲಿ ಇರಲಿ.

ಕನ್ನಡ ಅಂದೆ, ಅದರ ಬಗ್ಗೆ ಇನ್ನೊಂದು ಮಾತು. ಜಾಮೀನು ಆದೇಶ ಇಂಗ್ಲಿಷಿನಲ್ಲಿ ಬಂದರೆ ಮನೆಯವರಿಗೆ ಅದರಲ್ಲಿ ಏನು ಷರತ್ತಿದೆ ಅಂತ ತಿಳಿಯುವುದೇ ಇಲ್ಲ. ಯಾವ ವಾರ ಠಾಣೆಗೆ ಹೋಗಿ ಸಹಿ ಮಾಡಬೇಕು, ಯಾವ ಊರು ಬಿಟ್ಟು ಹೋಗಬಾರದು ಎಂಬುದು ಗೊತ್ತಿಲ್ಲದೆ ಷರತ್ತು ಮುರಿದು ಮತ್ತೆ ಒಳಗೆ ಹೋದವರಿದ್ದಾರೆ. ಒಂದೇ ಒಂದು ಹಾಳೆ ಸಾಕು. ಬೇಕಾದ ಕಾಗದಗಳ ಪಟ್ಟಿ ಮೇಲೆ, ಷರತ್ತುಗಳು ಕೆಳಗೆ. ಬೀದರ್ ಕಡೆ ಮರಾಠಿ, ಉರ್ದು ಓದುವವರೂ ಇದ್ದಾರೆ, ಅವರಿಗೂ ಆಗಲಿ. ಶ್ಯೂರಿಟಿಯನ್ನು ಒಪ್ಪದಿದ್ದರೆ ಯಾಕೆ ಒಪ್ಪಲಿಲ್ಲ ಅಂತ ಅದೇ ಹಾಳೆಯ ಮೇಲೆ ಬರೆದು ಕೊಡಲಿ. ಬರೆದು ಕೊಟ್ಟರೆ ಮೇಲಿನ ಕೋರ್ಟಿಗಾದರೂ ಹೋಗಬಹುದು. ಬಾಯಿಮಾತಿನ ಮೇಲೆ ಯಾವ ಮೇಲ್ಮನವಿಯೂ ಆಗುವುದಿಲ್ಲ.

ಮೇಲಿನ ಕೋರ್ಟು ಈಗ ನಮಗೆ ದೂರವಿಲ್ಲ. 2008ರಲ್ಲಿ ಕಲಬುರಗಿಗೆ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. ಅದಕ್ಕೂ ಮೊದಲು ಪ್ರತಿ ಸಣ್ಣ ಅರ್ಜಿಗೂ ರಾತ್ರಿಯಿಡೀ ರೈಲಿನಲ್ಲಿ ಕೂತು ಬೆಂಗಳೂರಿಗೆ ಹೋಗಬೇಕಿತ್ತು. ಪೀಠಕ್ಕಾಗಿ ಈ ಭಾಗದ ವಕೀಲರು, ಜನ ವರ್ಷಗಟ್ಟಲೆ ಹೋರಾಡಿದ್ದಾರೆ. ಅಷ್ಟು ಹೋರಾಡಿ ಪಡೆದ ಪೀಠಕ್ಕೆ ಕೂಲಿಯವನೊಬ್ಬ ಶ್ಯೂರಿಟಿ ಮೊತ್ತ ಇಳಿಸಿ ಅಂತ ಕೇಳಲು ಹೋಗುವ ಹಾಗಾಗಬಾರದು. ಅದು ಕೆಳಗಿನ ಕೋರ್ಟಿನಲ್ಲೇ ಮುಗಿಯಬೇಕಾದ ಕೆಲಸ.

ಕೊನೆಗೆ ನಮ್ಮ ಜನರಿಗೂ ಒಂದು ವಿಷಯ ಹೇಳಿಬಿಡುತ್ತೇನೆ. ಜೈಲಿನಲ್ಲಿರುವ ಯಾರಿಗೇ ಆಗಲಿ, ಆದಾಯ ಎಷ್ಟೇ ಇರಲಿ, ಸರ್ಕಾರದ ಖರ್ಚಿನಲ್ಲಿ ವಕೀಲರು ಸಿಗುತ್ತಾರೆ. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯಲ್ಲಿ ಅದು ಹಕ್ಕು. 15100 ನಂಬರಿಗೆ ಫೋನ್ ಮಾಡಬಹುದು. ಹೊಲ, ಒಡವೆ ಮಾರುವ ಮೊದಲು ಒಮ್ಮೆ ಅಲ್ಲಿ ವಿಚಾರಿಸಿ. ಜಾಮೀನು ಆಗಿ ಏಳು ದಿನವಾದರೂ ಬಿಡದಿದ್ದರೆ ಜಿಲ್ಲಾ ಕೋರ್ಟಿನ ಆವರಣದಲ್ಲೇ ಇರುವ ಪ್ರಾಧಿಕಾರದ ಕಚೇರಿಗೆ ಒಂದು ಬಿಳಿ ಹಾಳೆಯಲ್ಲಿ ಬರೆದುಕೊಡಿ. ಬರೆಯಲು ಬಾರದಿದ್ದರೆ ಅಲ್ಲಿರುವ ಸ್ವಯಂಸೇವಕರು ಬರೆದುಕೊಡುತ್ತಾರೆ.

ಮಾನ್ಯ ನ್ಯಾಯಾಧೀಶರೇ, ಪರಿಶೀಲನಾ ಸಮಿತಿಯ ಮುಂದಿನ ಸಭೆಯಲ್ಲಿ ಈ ವಿಷಯವನ್ನು ಮೊದಲಿಗೆ ತೆಗೆದುಕೊಳ್ಳಬೇಕೆಂದು ಕೇಳಿಕೊಳ್ಳುತ್ತೇನೆ. ಶ್ಯೂರಿಟಿ ಸಿಗದೆ ಒಳಗಿರುವವರ ಪಟ್ಟಿಯನ್ನು ಪ್ರಾಧಿಕಾರದ ಮೂಲಕ ನಮ್ಮಂಥ ಸ್ವಯಂಸೇವಕರಿಗೆ ಕೊಡಿಸಿ. ಅವರ ಊರಿಗೆ ಹೋಗುತ್ತೇವೆ, ಮನೆಯವರನ್ನು ಕಾಣುತ್ತೇವೆ, ಪಂಚಾಯಿತಿಯಲ್ಲಿ ವಿಚಾರಿಸುತ್ತೇವೆ. ಏನು ಕಂಡೆವೋ ಅದನ್ನು ಬರೆದು ಆಯಾ ಮ್ಯಾಜಿಸ್ಟ್ರೇಟರ ಮುಂದೆ ಇಡುತ್ತೇವೆ. ಬಾಂಡ್ ಮೇಲೆ ಬಿಡಬೇಕೋ ಬೇಡವೋ ಎಂಬುದನ್ನು ಅವರು ಅದನ್ನು ಓದಿ ತೀರ್ಮಾನಿಸಲಿ.

ಇಂತಿ ತಮ್ಮ ವಿಶ್ವಾಸಿ,
ಒಬ್ಬ ಕಾನೂನು ನೆರವು ಸ್ವಯಂಸೇವಕ
ಕಲಬುರಗಿ